ಪೋಷಕ ನಟರನ್ನು ಪೋಷಿಸಿದವರು ಯಾರು? ಅರಸೀಕೆರೆಯ ಇಬ್ಬರು ನಟರ ನೆಪದಲ್ಲಿ ಒಂದು ಚರ್ಚೆ

ಹೇಮಾವತಿ ದಂಡೆ (ಹಾಸನ)

ಬಂಧುಗಳೇ, ನಮ್ಮ ಓದುಗರ ಬಳಗವು ಬರುವ ತಿಂಗಳು ಹಾಸನದಲ್ಲಿ ಪೋಷಕ ನಟರ ಬಗ್ಗೆ ಒಂದು ಸಂಜೆಯ ಕಾರ್ಯಕ್ರಮವನ್ನು ಇಟ್ಟುಕೊಂಡಿದೆ. ಅಲ್ಲಿ ಓದಬೇಕಾದ ಲೇಖನವನ್ನು ಬರೆಯುವ ಹೊಣೆ ನಿವೃತ್ತ ಮೇಷ್ಟರೆಂಬ ಕಾರಣಕ್ಕೆ ನನ್ನ ಹೆಗಲಿಗೆ ಬಂದಿದೆ. ನಮ್ಮ ಜಿಲ್ಲೆಯ ಅರಸೀಕೆರೆಯು ಕನ್ನಡ ಚಿತ್ರರಂಗಕ್ಕೆ ಇಬ್ಬರು ದೊಡ್ಡ ಪೋಷಕ ನಟರನ್ನು ಕೊಟ್ಟಿದೆ, ಒಬ್ಬರು ಟಿ.ಎನ್. ಬಾಲಕೃಷ್ಣ, ಇನ್ನೊಬ್ಬರು ದೊಡ್ಡಣ್ಣ. ಬಾಲಣ್ಣನವರು 1943ರ 'ರಾಧಾರಮಣ'ದಲ್ಲಿ ಬೆಳ್ಳಿತೆರೆಗೆ ಬಂದು, 1995ರಲ್ಲಿ ತೀರಿಕೊಳ್ಳುವ ಹೊತ್ತಿಗೆ ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿದ್ದರು. ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲವೆಂಬುದು ಎಲ್ಲರಿಗೂ ಗೊತ್ತಿರುವ ಸಂಗತಿ. ಎದುರಿನ ನಟನ ತುಟಿಗಳ ಚಲನೆಯನ್ನು ನೋಡಿಕೊಂಡು ತನ್ನ ಮಾತನ್ನು ಎತ್ತಿಕೊಳ್ಳುವ ಮನುಷ್ಯನೊಬ್ಬ, ಕ್ಷಣಾರ್ಧ ತಡವಾದರೂ ಕೆಟ್ಟುಹೋಗುವ ಹಾಸ್ಯವನ್ನೇ ಕಸುಬನ್ನಾಗಿ ಮಾಡಿಕೊಂಡು ಐದು ದಶಕ ಬಾಳಿದ್ದು ನನಗೆ ಇಂದಿಗೂ ಪೂರ್ತಿಯಾಗಿ ಅರ್ಥವಾಗಿಲ್ಲ.

ಲೇಖನದ ಮೊದಲ ಸಾಲನ್ನು "ನಾಯಕರಾಗದೆಯೂ ಮನೆಮಾತಾದವರು" ಎಂದು ಬರೆದುಕೊಂಡಿದ್ದೇನೆ. ಬರೆದ ಮೇಲೆ ಅದೇಕೋ ಹಿಡಿಸುತ್ತಿಲ್ಲ. ಎರಡು ವಿಷಯಗಳಲ್ಲಿ ನಿಮ್ಮ ನೆರವು ಬೇಕು. ಒಂದು, ಇವರ ಯಾವ ದೃಶ್ಯಗಳನ್ನು ಸಭೆಯಲ್ಲಿ ತೋರಿಸಬೇಕು? ಎರಡು, ಅರಸೀಕೆರೆಯಂತಹ ಊರಿನಿಂದಲೇ ಇಬ್ಬರು ಬಂದದ್ದು ಕೇವಲ ಕಾಕತಾಳೀಯವೇ?

ಬೀರೂರು ಪ್ಯಾಸೆಂಜರ್

ಮೇಷ್ಟ್ರೇ, ಎರಡನೆಯ ಪ್ರಶ್ನೆಗೆ ನನ್ನದೊಂದು ಉತ್ತರವಿದೆ. ರೈಲ್ವೆಯಲ್ಲಿ ದುಡಿದವನಿಗೆ ಎಲ್ಲ ಕಡೆಯೂ ಹಳಿಗಳೇ ಕಾಣುತ್ತವೆ ಎಂದು ನಗಬೇಡಿ. ಬೆಂಗಳೂರಿನಿಂದ ಹುಬ್ಬಳ್ಳಿಯ ಕಡೆಗೆ ಹೊರಟರೆ ತುಮಕೂರು, ಗುಬ್ಬಿ, ತಿಪಟೂರು, ಅರಸೀಕೆರೆ, ಕಡೂರು, ಬೀರೂರು ಒಂದರ ಹಿಂದೊಂದು ಬರುತ್ತವೆ. ಗುಬ್ಬಿಯು ವೀರಣ್ಣನವರ ನಾಟಕ ಕಂಪನಿಯ ಊರು. ತಿಪಟೂರು ನರಸಿಂಹರಾಜು ಅವರ ಊರು. ಈಗಿನ ಅಚ್ಯುತ್ ಕುಮಾರ್ ಅವರದೂ ಅದೇ ಊರು. ಇಂಗ್ಲಿಷ್ ಅಧ್ಯಾಪಕರಾಗಿದ್ದುಕೊಂಡೇ ನಟರಾದ ಲೋಹಿತಾಶ್ವ ತುಮಕೂರು ಜಿಲ್ಲೆಯವರು. ಅರಸೀಕೆರೆಯ ಇಬ್ಬರ ಹೆಸರನ್ನು ನೀವೇ ಹೇಳಿದ್ದೀರಿ. ದೊಡ್ಡಣ್ಣನವರು ನಟರಾಗುವುದಕ್ಕೆ ಮುಂಚೆ ಕೆಲಸದಲ್ಲಿದ್ದದ್ದು ಭದ್ರಾವತಿಯ ಕಬ್ಬಿಣದ ಕಾರ್ಖಾನೆಯಲ್ಲಿ, ಅಂದರೆ ನಮ್ಮ ಬೀರೂರಿನಲ್ಲಿ ಕವಲೊಡೆದು ಶಿವಮೊಗ್ಗದ ಕಡೆಗೆ ಹೋಗುವ ಹಾದಿಯಲ್ಲಿ.

ಪರದೆ, ಪೆಟ್ಟಿಗೆ, ಸೀನರಿಗಳನ್ನು ಹೊತ್ತು ತಿರುಗುವ ಕಂಪನಿಗಳಿಗೆ ರೈಲು ಅನುಕೂಲವಾಗಿತ್ತು, ತೆಂಗು ಕೊಬ್ಬರಿಯ ವ್ಯಾಪಾರವಿರುವ ಊರುಗಳಲ್ಲಿ ಟಿಕೆಟ್ ಕೊಳ್ಳಲು ಜನರ ಕೈಯಲ್ಲಿ ಕಾಸೂ ಇರುತ್ತಿತ್ತು. ಇದು ನನ್ನ ಊಹೆಯೇ ಹೊರತು ಸಂಶೋಧನೆಯಲ್ಲ, ಆದ್ದರಿಂದ ಲೇಖನದಲ್ಲಿ ಬಳಸುವುದಾದರೆ ಊಹೆಯೆಂದೇ ಬರೆಯಿರಿ. ಆದರೆ ಮನೆಯ ಹತ್ತಿರದಲ್ಲೇ ತಿಂಗಳುಗಟ್ಟಲೆ ನಾಟಕದ ಕ್ಯಾಂಪು ಬೀಡುಬಿಟ್ಟರೆ, ಊರಿನ ಹತ್ತು ಹುಡುಗರಲ್ಲಿ ಒಬ್ಬನಿಗಾದರೂ ಬಣ್ಣದ ಹುಚ್ಚು ಹಿಡಿಯದೆ ಇರುವುದಿಲ್ಲ ಎಂಬುದನ್ನು ಮಾತ್ರ ಧೈರ್ಯವಾಗಿ ಹೇಳಬಲ್ಲೆ.

ಕಾಫಿ ಕಣ (ಮೂಡಿಗೆರೆ)

ರೈಲಿನ ವಾದ ಸೊಗಸಾಗಿದೆ. ಆದರೆ ಆ ಹಳಿಯ ಮೇಲೆ ಒಬ್ಬ ಹೆಣ್ಣುಮಗಳ ಹೆಸರೂ ಬರಲಿಲ್ಲವಲ್ಲ ಸರ್?

ಪೋಷಕ ಪಾತ್ರ ಎಂಬುದು ಗಂಡಸಿಗೂ ಹೆಂಗಸಿಗೂ ಒಂದೇ ಅರ್ಥವನ್ನು ಕೊಡುವುದಿಲ್ಲ. ಕೆ.ಎಸ್. ಅಶ್ವಥ್ ಅವರು 1955ರ 'ಸ್ತ್ರೀ ರತ್ನ'ದ ಮೂಲಕ ಬಂದು, 1972ರ 'ನಾಗರಹಾವು' ಚಿತ್ರದಲ್ಲಿ ಚಾಮಯ್ಯ ಮೇಷ್ಟ್ರಾದಾಗ ಅವರಿಗೆ ನಲವತ್ತೇಳು ವರ್ಷ. ಪಾತ್ರವು ವಯಸ್ಸಿಗಿಂತ ಹತ್ತು ಹದಿನೈದು ವರ್ಷ ಮುಂದಿತ್ತು, ಅಷ್ಟೆ. ಈಗ ಪಂಡರೀಬಾಯಿ ಅವರನ್ನು ನೋಡಿ. 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿದ್ದ ಅವರೇ, 1986ರ 'ಅನುರಾಗ ಅರಳಿತು' ಚಿತ್ರದಲ್ಲಿ ಅದೇ ರಾಜ್‌ಕುಮಾರ್ ಅವರಿಗೆ ತಾಯಿ. ಲೀಲಾವತಿ ಅವರ ವಿಷಯದಲ್ಲಿ ಮೂವತ್ತೆರಡು ವರ್ಷಗಳೂ ಬೇಕಾಗಲಿಲ್ಲ. 1974ರ 'ಭಕ್ತ ಕುಂಬಾರ'ದಲ್ಲಿ ಪತ್ನಿಯಾಗಿದ್ದವರು 1976ರ 'ನಾ ನಿನ್ನ ಮರೆಯಲಾರೆ' ಚಿತ್ರದಲ್ಲಿ ತಾಯಿಯಾದರು, ಅದೂ ತಮಗಿಂತ ಹಿರಿಯರಾದ ನಟನಿಗೆ. ಎರಡು ವರ್ಷಗಳಲ್ಲಿ ಗಂಡ ಮಗನಾಗಿಬಿಟ್ಟ!

ನಾನು ಇದನ್ನು ದೂರಾಗಿ ಹೇಳುತ್ತಿಲ್ಲ. ನಾಯಕಿಯ ಪಾತ್ರಗಳು ಮುಗಿದ ಮೇಲೂ ಅವರು ಕೆಲಸವನ್ನು ಬಿಡಲಿಲ್ಲ, ತಾಯಿಯ ಪಾತ್ರವನ್ನು ಕೀಳೆಂದು ಎಣಿಸಲಿಲ್ಲ. 'ನಾಗರಹಾವು' ಚಿತ್ರದ ತುಂಗಮ್ಮನಾಗಿ ಲೀಲಾವತಿ ಅವರು ಚಾಮಯ್ಯ ಮೇಷ್ಟ್ರ ಪಕ್ಕದಲ್ಲಿ ನಿಂತಿರದಿದ್ದರೆ ಕಥಾನಾಯಕ ರಾಮಾಚಾರಿಗೆ ಹೋಗಿ ಕೂರಲು ಒಂದು ಮನೆಯೇ ಇರುತ್ತಿರಲಿಲ್ಲ. ಮೇಷ್ಟ್ರೇ, ನಿಮ್ಮ ಮೊದಲ ಸಾಲಿನ ತೊಡಕು ಇಲ್ಲಿದೆಯೆಂದು ನನಗನ್ನಿಸುತ್ತದೆ. "ನಾಯಕರಾಗದೆಯೂ" ಎಂದರೆ ಏನನ್ನೋ ಕಳೆದುಕೊಂಡವರ ಕಥೆಯನ್ನು ಹೇಳಲು ಹೊರಟಂತಾಗುತ್ತದೆ.

ಹೇಮಾವತಿ ದಂಡೆ (ಹಾಸನ)

ಒಪ್ಪಿದೆ ತಾಯಿ. ಹೆಣ್ಣುಮಕ್ಕಳ ಹೆಸರು ನನ್ನ ಟಿಪ್ಪಣಿಯಲ್ಲಿಯೂ ಇರಲಿಲ್ಲ, ಅದು ನನ್ನ ತಪ್ಪು. ಜಿಲ್ಲೆಯ ಗಡಿಯನ್ನು ದಾಟಿ ಬರೆಯುತ್ತೇನೆ.

ಆದರೂ ಒಂದು ಸಂಶಯ ಉಳಿಯುತ್ತದೆ. ಇವರೆಲ್ಲ ಕಲೆಯ ಪ್ರೀತಿಯೊಂದರಿಂದಲೇ ಅಷ್ಟು ವರ್ಷ ನಿಂತರೇ? ನಾಯಕನಿಗೆ ಸಂಭಾವನೆ ಏರುತ್ತ ಹೋಗುತ್ತದೆ. ಅಪ್ಪನ ಪಾತ್ರದವನಿಗೆ ಮನೆ ನಡೆಯುತ್ತಿದ್ದದ್ದು ಹೇಗೆ?

ಒಂದೇ ಸೀನು (ಚಿಕ್ಕಮಗಳೂರು)

ಈ ಪ್ರಶ್ನೆಯನ್ನು ಯಾರಾದರೂ ಕೇಳಲಿ ಎಂದೇ ಕಾಯುತ್ತಿದ್ದೆ. ನಾನು ಹದಿನಾಲ್ಕು ವರ್ಷಗಳಿಂದ ಧಾರಾವಾಹಿಗಳಲ್ಲಿ ಸಣ್ಣಪುಟ್ಟ ಪಾತ್ರಗಳನ್ನು ಮಾಡುತ್ತಿದ್ದೇನೆ. ಸಬ್ ಇನ್‌ಸ್ಪೆಕ್ಟರ್, ವೈದ್ಯ, ಹುಡುಗಿಯ ಸೋದರಮಾವ, ದೇವಸ್ಥಾನದ ಅರ್ಚಕ, ಬ್ಯಾಂಕಿನ ಮ್ಯಾನೇಜರ್ ಇವುಗಳಲ್ಲಿ ಯಾವುದಕ್ಕೂ ನನ್ನ ಮುಖ ಹೊಂದುತ್ತದೆ. ಅದೇ ನನ್ನ ಬಂಡವಾಳ. ಊರಿನಲ್ಲಿ ಜನ ನನ್ನನ್ನು ನಿಲ್ಲಿಸಿ "ನಿಮ್ಮನ್ನು ಎಲ್ಲೋ ನೋಡಿದ್ದೇನೆ, ನೀವು ಎಲ್‌ಐಸಿಯವರಲ್ಲವೇ?" ಎಂದು ಕೇಳುತ್ತಾರೆ. ನಾನು ಅದನ್ನು ಹೊಗಳಿಕೆಯೆಂದೇ ಸ್ವೀಕರಿಸುತ್ತೇನೆ.

ಧಾರಾವಾಹಿಯಲ್ಲಿ ನಮಗೆ ತಿಂಗಳ ಸಂಬಳವಿರುವುದಿಲ್ಲ, ದಿನದ ಲೆಕ್ಕವಿರುತ್ತದೆ. ಕಾಲ್‌ಶೀಟ್ ಬಂದರೆ ಕೆಲಸ. ನಾಯಕಿಗೆ ಜ್ವರ ಬಂದರೆ ನಮಗೂ ರಜೆ, ಆದರೆ ಆ ರಜೆಗೆ ಹಣವಿಲ್ಲ. ದುಡಿದ ಹಣ ಕೈಸೇರುವುದಕ್ಕೆ ಒಂದೂವರೆ ಎರಡು ತಿಂಗಳಾಗುವುದು ಮಾಮೂಲು. ಒಂದು ನಿರ್ಮಾಣ ಸಂಸ್ಥೆಯಿಂದ ಹನ್ನೊಂದು ದಿನದ ಹಣ ಇಂದಿಗೂ ಬಂದಿಲ್ಲ. ಅದರ ಹೆಸರನ್ನು ಹೇಳುವುದಿಲ್ಲ, ಏಕೆಂದರೆ ನಾಳೆ ಅವರೇ ಕರೆದರೆ ನಾನು ಹೋಗಬೇಕಾಗುತ್ತದೆ. ಸಣ್ಣ ಪಾತ್ರದವರು ಬಟ್ಟೆಯನ್ನು ತಾವೇ ತರಬೇಕು. ನನ್ನ ಹೆಂಡತಿ ಕಪಾಟಿನಲ್ಲಿ ಒಂದು ಖಾನೆಯನ್ನು "ಬೀಗರ ಬಟ್ಟೆ" ಎಂದು ಬೇರೆಯಾಗಿಯೇ ಇಟ್ಟಿದ್ದಾಳೆ: ಎರಡು ರೇಷ್ಮೆ ಶಲ್ಯ, ಮೂರು ಜುಬ್ಬ, ಕಂದು ಬಣ್ಣದ ಒಂದು ಕೋಟು.

ಇದಕ್ಕಿಂತ ವಿಚಿತ್ರವಾದದ್ದು ಪಾತ್ರದ ಆಯುಸ್ಸು. ಸಿನಿಮಾದಲ್ಲಿ ನೀವು ಸಾಯುತ್ತೀರೋ ಉಳಿಯುತ್ತೀರೋ ಎಂಬುದು ಮೊದಲೇ ಬರೆದಿರುತ್ತದೆ. ಧಾರಾವಾಹಿಯಲ್ಲಿ ಅದನ್ನು ಗುರುವಾರ ಬರುವ ಟಿಆರ್‌ಪಿ, ಅಂದರೆ ಎಷ್ಟು ಜನ ನೋಡಿದರೆಂಬ ಲೆಕ್ಕ, ಬರೆಯುತ್ತದೆ. ಒಂದು ದಿನ ಬೆಳಿಗ್ಗೆ ಸೆಟ್ಟಿಗೆ ಹೋದಾಗ ಕಲಾ ವಿಭಾಗದ ಹುಡುಗನೊಬ್ಬ ನನ್ನ ಭಾವಚಿತ್ರಕ್ಕೆ ಗಂಧದ ಹಾರವನ್ನು ಹಾಕುತ್ತಿದ್ದ. ನನ್ನ ಟ್ರ್ಯಾಕ್, ಅಂದರೆ ನನ್ನ ಪಾತ್ರದ ಕಥೆ, ಮುಗಿದಿದೆಯೆಂದು ನನಗೆ ತಿಳಿದದ್ದು ಹಾಗೆ. ಅವನೇ ಪಾಪ ಮುಜುಗರಪಟ್ಟು ಕಾಫಿ ತಂದುಕೊಟ್ಟ.

ಇಷ್ಟನ್ನೂ ಹೇಳಿ ಕಸುಬನ್ನು ಹಳಿಯಲಾರೆ. ಧಾರಾವಾಹಿಯಲ್ಲಿ ಒಂದು ಮಾತು ಬಿದ್ದ ಕೂಡಲೇ ಕ್ಯಾಮೆರಾ ಸುತ್ತಲಿನ ಪ್ರತಿಯೊಂದು ಮುಖಕ್ಕೂ ಹೋಗಿಬರುತ್ತದೆ. ಆ ಮುಖಗಳಿಗೆ ಮಾತಿರುವುದಿಲ್ಲ, ಆದರೆ ಕೆಲಸವಿರುತ್ತದೆ. ಸಹಾಯಕ ನಿರ್ದೇಶಕ ಪಕ್ಕದಲ್ಲಿ ನಿಂತು ಇನ್ನೊಬ್ಬರ ಸಂಭಾಷಣೆಯನ್ನು ಪ್ರಾಂಪ್ಟ್ ಮಾಡುತ್ತಿರುವಾಗ, ನಾವು ಅದನ್ನು ಅದೇ ತಾನೇ ಮೊದಲ ಸಲ ಕೇಳಿಸಿಕೊಂಡವರಂತೆ ಇರಬೇಕು. ಬಾಲಣ್ಣನವರ ಬಗ್ಗೆ ಮೇಷ್ಟ್ರು ಬರೆದದ್ದನ್ನು ಓದಿದಾಗ ನನಗೆ ಮೈ ಜುಮ್ಮೆಂದಿತು. ನಮಗೆ ಕೇಳಿಸಿದ ಮಾತನ್ನೇ ಕೇಳಿಸಿಕೊಂಡವರಂತೆ ನಟಿಸುವುದು ಇಷ್ಟು ಕಷ್ಟವಾಗಿರುವಾಗ, ಅವರು ಕೇಳಿಸದ ಮಾತಿಗೆ ಹಾಗೆ ನಟಿಸಿದರಲ್ಲ!

ಬೀರೂರು ಪ್ಯಾಸೆಂಜರ್

ಮಿತ್ರರು ಹೇಳಿದ್ದನ್ನು ಓದಿದ ಮೇಲೆ ನನ್ನ ಪಟ್ಟಿಯೇ ನನಗೆ ಬೇರೆಯಾಗಿ ಕಾಣತೊಡಗಿದೆ. ಲೋಹಿತಾಶ್ವ ಅವರಿಗೆ ಅಧ್ಯಾಪಕರ ಸಂಬಳವಿತ್ತು. ದೊಡ್ಡಣ್ಣನವರು ಕಾರ್ಖಾನೆಯ ನೌಕರರಾಗಿದ್ದವರು. ಚಿತ್ರದುರ್ಗದ ದತ್ತಣ್ಣ, ಅಂದರೆ ಎಚ್.ಜಿ. ದತ್ತಾತ್ರೇಯ ಅವರು ವಾಯುಪಡೆಯಲ್ಲಿ ವಿಂಗ್ ಕಮಾಂಡರ್ ಹುದ್ದೆಯವರೆಗೆ ಏರಿ ಆ ಮೇಲೆ ಪೂರ್ಣಪ್ರಮಾಣದಲ್ಲಿ ಬಣ್ಣ ಹಚ್ಚಿದವರು; ಪಿ. ಶೇಷಾದ್ರಿ ಅವರ 'ಮುನ್ನುಡಿ'ಯ ಪಾತ್ರಕ್ಕೆ 2000ನೇ ಸಾಲಿನ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿಯನ್ನು ಪಡೆದರು. ಅಂದರೆ ಸಂಬಳ, ಪಿಂಚಣಿ, ಕಾರ್ಖಾನೆಯ ಹಾಜರಿ ಪುಸ್ತಕ, ಇವೇ ಎಷ್ಟೋ ಮಂದಿ ಪೋಷಕ ನಟರನ್ನು ಪೋಷಿಸಿದ ಅಪ್ಪ ಅಮ್ಮಂದಿರು. ಇಂತಹ ಆಸರೆ ಇರುವವನು ಒಪ್ಪದ ಪಾತ್ರವನ್ನು ಬೇಡವೆನ್ನಬಲ್ಲ.

ಯಾವ ಆಸರೆಯೂ ಇಲ್ಲದವರ ಪೈಕಿ ಬಾಲಣ್ಣನವರೇ ಇದ್ದಾರೆ. ಕನ್ನಡ ಚಿತ್ರಗಳ ಸಂಖ್ಯೆಯೇ ಕಡಿಮೆಯಿದ್ದ ಆ ದಿನಗಳಲ್ಲಿ ಕಲಾವಿದರಿಗೆ ವರ್ಷಪೂರ್ತಿ ಕೆಲಸವಿರುತ್ತಿರಲಿಲ್ಲ. ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜಿ.ವಿ. ಅಯ್ಯರ್ ನಾಲ್ವರೂ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘವನ್ನು ಕಟ್ಟಿಕೊಂಡು ಊರೂರಿಗೆ ನಾಟಕವಾಡುತ್ತ ಹೋದರು, ಆ ಸಂಘದಿಂದಲೇ 1960ರಲ್ಲಿ 'ರಣಧೀರ ಕಂಠೀರವ' ತಯಾರಾಯಿತು. ಇದನ್ನು ಗಮನಿಸಿ: ಆ ನಾಲ್ವರಲ್ಲಿ ನಾಯಕ ಒಬ್ಬನೇ. ಕನ್ನಡದ ಮೊದಮೊದಲ ಐತಿಹಾಸಿಕ ಚಿತ್ರವೊಂದಕ್ಕೆ ಹೆಗಲು ಕೊಟ್ಟವರಲ್ಲಿ ಇಬ್ಬರು ಹಾಸ್ಯ ಹಾಗೂ ಪೋಷಕ ಪಾತ್ರಗಳ ನಟರು.

ಹೇಮಾವತಿ ದಂಡೆ (ಹಾಸನ)

ಬಾಲಣ್ಣನವರು ಅಷ್ಟಕ್ಕೇ ನಿಲ್ಲದೆ ಬೆಂಗಳೂರಿನಲ್ಲಿ ಅಭಿಮಾನ್ ಸ್ಟುಡಿಯೋವನ್ನೂ ಕಟ್ಟಿದರಷ್ಟೆ. ಚಿತ್ರೀಕರಣಕ್ಕಾಗಿ ಕನ್ನಡದವರು ಮದರಾಸಿಗೆ ಹೋಗಿಬರುತ್ತಿದ್ದ ಕಾಲದಲ್ಲಿ ಹಾಸ್ಯನಟನೊಬ್ಬ ಸ್ಟುಡಿಯೋ ಕಟ್ಟಲು ಹೊರಟದ್ದು ಸಾಹಸವೇ ಸರಿ. ಆದರೆ ಅದು ಅವರಿಗೆ ನೆಮ್ಮದಿಗಿಂತ ಸಾಲವನ್ನೇ ಹೆಚ್ಚು ತಂದಿತು. ಇಂದು ಆ ಸ್ಟುಡಿಯೋದ ಹೆಸರನ್ನು ಕೇಳಿದವರಿಗೆ ನೆನಪಾಗುವುದು 2009ರಲ್ಲಿ ಅಲ್ಲಿ ನಡೆದ ವಿಷ್ಣುವರ್ಧನ್ ಅವರ ಅಂತ್ಯಸಂಸ್ಕಾರವೇ ಹೊರತು ಅದನ್ನು ಕಟ್ಟಿದವರ ಮುಖವಲ್ಲ.

ಕಳಸಾಪುರದ ಕೆರೆ

ತಡವಾಗಿ ಬಂದೆ, ಕ್ಷಮಿಸಿ. ಯಾವ ದೃಶ್ಯ ತೋರಿಸಬೇಕೆಂದು ಮೇಷ್ಟ್ರು ಕೇಳಿದ್ದಕ್ಕೆ ಯಾರೂ ಉತ್ತರಿಸಿಲ್ಲ. ನನ್ನ ಉತ್ತರ ಒಂದೇ ಪದ: ಉಪ್ಪಿನಕಾಯಿ.

ಗೊರೂರು ರಾಮಸ್ವಾಮಿ ಅಯ್ಯಂಗಾರರ ಕಥೆಯನ್ನು ಆಧರಿಸಿ ಸಿದ್ಧಲಿಂಗಯ್ಯನವರು 1974ರಲ್ಲಿ ತೆರೆಗೆ ತಂದ 'ಭೂತಯ್ಯನ ಮಗ ಅಯ್ಯು' ಚಿತ್ರೀಕರಣಗೊಂಡದ್ದು ಚಿಕ್ಕಮಗಳೂರಿನ ಬಳಿಯಿರುವ ನಮ್ಮ ಕಳಸಾಪುರದಲ್ಲಿ. ಕಥೆ ಬರೆದವರು ಹಾಸನ ಜಿಲ್ಲೆಯವರು, ಚಿತ್ರೀಕರಣ ನಡೆದದ್ದು ಚಿಕ್ಕಮಗಳೂರು ಜಿಲ್ಲೆಯಲ್ಲಿ. ಎರಡು ಜಿಲ್ಲೆಗಳಿಗೂ ಆ ಚಿತ್ರದ ಮೇಲೆ ಹಕ್ಕಿದೆ. ಅದರಲ್ಲಿ ಲೋಕೇಶ್ ಇದ್ದಾರೆ, ವಿಷ್ಣುವರ್ಧನ್ ಇದ್ದಾರೆ, ಭೂತಯ್ಯನಾಗಿ ಎಂ.ಪಿ. ಶಂಕರ್ ಇದ್ದಾರೆ. ಆದರೂ ಐವತ್ತು ವರ್ಷಗಳ ನಂತರ ನಮ್ಮೂರಿನ ಮದುವೆ ಮನೆಗಳಲ್ಲಿ ಎಲೆಯ ತುದಿಗೆ ಉಪ್ಪಿನಕಾಯಿ ಬಡಿಸುವಾಗ ಜನ ನೆನೆಸಿಕೊಳ್ಳುವುದು ಲೋಕನಾಥ್ ಅವರನ್ನು. ಅವರು ಉಪ್ಪಿನಕಾಯಿಯನ್ನು ಚಪ್ಪರಿಸುವ ಪರಿಗೆ ಚಿತ್ರಮಂದಿರದಲ್ಲಿ ಕೂತವರ ಬಾಯಲ್ಲಿ ನೀರೂರುತ್ತಿತ್ತು. ಆ ಮೇಲೆ ಅವರು ಎಷ್ಟು ಗಂಭೀರವಾದ ಪಾತ್ರಗಳನ್ನು ಮಾಡಿದರೂ, 2018ರ ಕೊನೆಯ ದಿನ ಅವರು ತೀರಿಕೊಂಡಾಗ ಜನ ನೆನೆದದ್ದು ಆ ಉಪ್ಪಿನಕಾಯಿಯನ್ನೇ.

ಇದು ಅದೃಷ್ಟವೋ ಅನ್ಯಾಯವೋ ನನಗೆ ತಿಳಿಯದು. ನಾನಂತೂ ಅದನ್ನು ಅದೃಷ್ಟವೆಂದೇ ಎಣಿಸುತ್ತೇನೆ. ನೂರಾರು ಚಿತ್ರಗಳಲ್ಲಿ ನಟಿಸಿಯೂ ಒಂದು ದೃಶ್ಯದಲ್ಲಿಯೂ ಉಳಿಯದವರು ಇದ್ದಾರೆ.

ಕಾಫಿ ಕಣ (ಮೂಡಿಗೆರೆ)

ಉಪ್ಪಿನಕಾಯಿಗೆ ನನ್ನದೂ ಒಂದು ಮತ. ಆದರೆ ಕಿರುತೆರೆಯನ್ನು ಸಿನಿಮಾ ಸಿಗದವರ ಆಸರೆಯೆಂಬಂತೆ ಮಾತ್ರ ಮಾತನಾಡುವುದು ಸರಿಯಲ್ಲವೆಂದು ತೋರುತ್ತದೆ. ಶೃಂಗೇರಿಯಿಂದ ಹೆಚ್ಚು ದೂರವಿಲ್ಲದ ಆಗುಂಬೆಯಲ್ಲಿ ಶಂಕರ್‌ನಾಗ್ ಅವರು 'ಮಾಲ್ಗುಡಿ ಡೇಸ್' ಚಿತ್ರೀಕರಿಸಿದಾಗ ನಮ್ಮ ರಂಗಭೂಮಿಯ ನಟರೇ ದೂರದರ್ಶನದ ಮೂಲಕ ಇಡೀ ದೇಶದ ಮನೆಗಳನ್ನು ಹೊಕ್ಕರು. 1998ರಲ್ಲಿ 'ಮಾಯಾಮೃಗ' ಧಾರಾವಾಹಿ ಬರುತ್ತಿದ್ದಾಗ ಸಂಜೆ ನಮ್ಮ ತೋಟದ ಲೈನಿನ ಹೆಂಗಸರೂ ನನ್ನ ಅತ್ತೆಯೂ ಒಂದೇ ಚಾಪೆಯ ಮೇಲೆ ಕೂತು ನೋಡುತ್ತಿದ್ದರು. ಅದರಲ್ಲಿ ಯಾರು ನಾಯಕ, ಯಾರು ಪೋಷಕ ಎಂದು ಕೇಳಿದ್ದರೆ ಅವರಿಗೆ ಪ್ರಶ್ನೆಯೇ ಅರ್ಥವಾಗುತ್ತಿರಲಿಲ್ಲ, ಏಕೆಂದರೆ ಅಲ್ಲಿ ಇದ್ದದ್ದು ಮನೆಗಳು ಮತ್ತು ಮನೆಯ ಜನ.

ಇನ್ನೊಂದು ಮಾತು. ಸಿನಿಮಾವು ಮೂವತ್ತೈದಕ್ಕೆ ತಾಯಿಯನ್ನಾಗಿ ಮಾಡಿ ಮೂಲೆಗೆ ಕೂರಿಸುತ್ತಿದ್ದ ಹೆಣ್ಣನ್ನು, ಕಿರುತೆರೆಯು ಅದೇ ತಾಯಿಯ ಪಾತ್ರದಲ್ಲಿ ಕಥೆಯ ನಡುವಿಗೆ ತಂದಿತು. 2021ರಲ್ಲಿ ಆರಂಭವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿಯಲ್ಲಿ ಉಮಾಶ್ರೀ ಅವರು ತಾಯಿಯೂ ಹೌದು, ಕಥಾನಾಯಕಿಯೂ ಹೌದು.

ಒಂದೇ ಸೀನು (ಚಿಕ್ಕಮಗಳೂರು)

ಮೇಡಂ ಹೇಳಿದ್ದನ್ನು ಒಪ್ಪುತ್ತೇನೆ, ಆದರೆ ಅರ್ಧ ಮಾತ್ರ. ಉಮಾಶ್ರೀ ಅವರು ದಶಕಗಳ ರಂಗಭೂಮಿ, ಸಿನಿಮಾ ಮತ್ತು 'ಗುಲಾಬಿ ಟಾಕೀಸ್' ಚಿತ್ರದ ರಾಷ್ಟ್ರಪ್ರಶಸ್ತಿಯನ್ನು ಬೆನ್ನಿಗಿಟ್ಟುಕೊಂಡು ಕಿರುತೆರೆಗೆ ಬಂದವರು. ನಮ್ಮ ಸೆಟ್ಟಿನಲ್ಲಿ ಇಪ್ಪತ್ತೊಂಬತ್ತು ವರ್ಷದ ಹುಡುಗಿಯೊಬ್ಬಳು ಇಪ್ಪತ್ತಾರು ವರ್ಷದ ನಾಯಕನಿಗೆ ಚಿಕ್ಕಮ್ಮನಾಗಿದ್ದಾಳೆ. ಕೂದಲಿಗೆ ಬಿಳಿ ಬಳಿಯುವಾಗ ಅವಳು ಕನ್ನಡಿಯನ್ನು ನೋಡುವುದಿಲ್ಲ, ಮೊಬೈಲನ್ನು ನೋಡುತ್ತಾಳೆ.

ಕಾಫಿ ಕಣ (ಮೂಡಿಗೆರೆ)

ಅದಕ್ಕೆ ನನ್ನಲ್ಲಿ ಉತ್ತರವಿಲ್ಲ.

ಹೇಮಾವತಿ ದಂಡೆ (ಹಾಸನ)

ಎಲ್ಲರಿಗೂ ಕೃತಜ್ಞತೆಗಳು. ಲೇಖನದ ಮೊದಲ ಸಾಲನ್ನು ಅಳಿಸಿದ್ದೇನೆ. ಈಗ ಅದು ಬೀರೂರಿನ ಗೆಳೆಯರ ರೈಲಿನಿಂದ ಆರಂಭವಾಗುತ್ತದೆ, ಊಹೆಯೆಂಬ ಸೂಚನೆಯೊಂದಿಗೆ. ದೃಶ್ಯಗಳು ನಾಲ್ಕು: 'ಬಂಗಾರದ ಮನುಷ್ಯ'ದಲ್ಲಿ ರಾಚೂಟಪ್ಪನಾಗಿ ಬಾಲಣ್ಣ, ಚಾಮಯ್ಯ ಮೇಷ್ಟ್ರ ಮನೆಯಲ್ಲಿ ಅಶ್ವಥ್ ಮತ್ತು ಲೀಲಾವತಿ, ಲೋಕನಾಥ್ ಅವರ ಉಪ್ಪಿನಕಾಯಿ, ದೊಡ್ಡಣ್ಣನವರದೊಂದು. ದೊಡ್ಡಣ್ಣನವರು ಖಳನಾಗಿಯೂ ನಗಿಸುವವನಾಗಿಯೂ ಅಷ್ಟೇ ಸಲೀಸಾಗಿ ನಿಲ್ಲುವವರಾದ್ದರಿಂದ ಯಾವುದನ್ನು ಆರಿಸಬೇಕೆಂಬ ಬಗ್ಗೆ ನಮ್ಮ ಬಳಗದಲ್ಲಿ ಜಗಳ ನಡೆದಿದೆ.

ಚಿಕ್ಕಮಗಳೂರಿನ ಕಲಾವಿದರಲ್ಲಿ ಒಂದು ವಿನಂತಿ. ದೃಶ್ಯಗಳ ನಡುವೆ ಹದಿನೈದು ನಿಮಿಷ ತಾವು ಬಂದು ಮಾತನಾಡಬೇಕು. ಪ್ರಯಾಣದ ವೆಚ್ಚವನ್ನು ಅದೇ ದಿನ, ವೇದಿಕೆ ಇಳಿಯುವ ಮುಂಚೆಯೇ ಕೊಡುತ್ತೇವೆ.

ಒಂದೇ ಸೀನು (ಚಿಕ್ಕಮಗಳೂರು)

ಮೇಷ್ಟ್ರೇ, ನಿಮ್ಮ ಕೊನೆಯ ಸಾಲನ್ನು ಮನೆಯಲ್ಲಿ ಗಟ್ಟಿಯಾಗಿ ಓದಿ ಹೇಳಿದೆ, ನನ್ನ ಹೆಂಡತಿ ಬಹಳ ಹೊತ್ತು ನಕ್ಕಳು. ಖಂಡಿತ ಬರುತ್ತೇನೆ, ಬಾಲಣ್ಣನವರಂತೆ ಕಿವಿ ಮುಚ್ಚಿಕೊಂಡು ಒಂದು ದೃಶ್ಯವನ್ನು ಮಾಡಿ ತೋರಿಸಲು ಸಾಧ್ಯವೇ ಎಂದೂ ಪ್ರಯತ್ನಿಸುತ್ತಿದ್ದೇನೆ. ಎದುರಿಗೆ ಸಂಭಾಷಣೆ ಹೇಳಲು ಮಗಳು ಒಪ್ಪಿದ್ದಾಳೆ, ಮೂರು ದಿನಗಳಿಂದ ಒಂದು ಸಲವೂ ನನ್ನ ಮಾತು ಸರಿಯಾದ ಹೊತ್ತಿಗೆ ಬಿದ್ದಿಲ್ಲ. ಕಾರ್ಯಕ್ರಮವು ಶನಿವಾರವಾದರೆ ಮಾತ್ರ ಸ್ವಲ್ಪ ತೊಡಕಿದೆ. ಆ ದಿನ ಬೆಂಗಳೂರಿನಲ್ಲಿ ಮಧ್ಯಾಹ್ನದವರೆಗೆ ಕಾಲ್‌ಶೀಟ್ ಇದೆ, ಹುಡುಗಿಯ ನಿಶ್ಚಿತಾರ್ಥದ ದೃಶ್ಯ. ಬಟ್ಟೆ ಬದಲಿಸಲು ಹೊತ್ತು ಸಿಗದಿದ್ದರೆ ಬೀಗರ ಶಲ್ಯದಲ್ಲೇ ಬಸ್ಸು ಹತ್ತಿ ಬರುತ್ತೇನೆ.